ಒಂದು ಭಾನುವಾರ ಕತಿ ಔತಿನೆನ್ ಹೆಸರಿನಲ್ಲಿ: ಚಿತ್ರೋತ್ಸವ ನಡೆಸುವವರಿಗೆ ಒಂದು ಬಹಿರಂಗ ಪತ್ರ

ಕನ್ನಡ ನಾಡಿನ ಚಿತ್ರೋತ್ಸವಗಳ ಸಂಘಟಕರಿಗೆ, ಊರೂರಿನ ಚಿತ್ರ ಸಮಾಜಗಳ ಗೆಳೆಯರಿಗೆ,

ನಮಸ್ಕಾರ.

ನಿಮ್ಮನ್ನು ಒಂದು ವಿಷಯ ಕೇಳೋಣ ಅಂತ ಈ ಪತ್ರ ಬರೆಯುತ್ತಿದ್ದೇನೆ. ಮುಂದಿನ ಸಲ ಚಿತ್ರಗಳ ಪಟ್ಟಿ ಮಾಡಲು ಕೂತಾಗ ಕತಿ ಔತಿನೆನ್ ಅವರ ಹೆಸರಿನಲ್ಲಿ ಒಂದು ವಿಭಾಗ ಇಡಿ. ಫಿನ್ಲೆಂಡಿನ ನಟಿ. ಐದೋ ಆರೋ ಸಿನಿಮಾ ಸಾಕು. ಆದರೆ ಪೋಸ್ಟರ್ ಮೇಲೆ ದೊಡ್ಡ ಅಕ್ಷರದಲ್ಲಿ ಅವರ ಹೆಸರೇ ಇರಲಿ.

ಯಾಕೆ ಹೀಗೆ ಕೇಳುತ್ತಿದ್ದೇನೆ ಅಂದರೆ, ಅವರ ಸಿನಿಮಾಗಳು ನಮ್ಮ ಕಡೆ ಬರುವುದೇ ಬೇರೊಬ್ಬರ ಹೆಸರಿನಲ್ಲಿ. ಆಕಿ ಕೌರಿಸ್ಮ್ಯಾಕಿ ದೊಡ್ಡ ನಿರ್ದೇಶಕ. ಅದರಲ್ಲಿ ಎರಡು ಮಾತಿಲ್ಲ. ನಾನೂ ಅವರ ಅಭಿಮಾನಿ. ಆದರೆ ಸಿನಿಮಾ ಮುಗಿದ ಮೇಲೆ ನಡೆಯುವ ಚರ್ಚೆ ನಿಮಗೆ ಗೊತ್ತಿದೆ. ಫ್ರೇಮ್ ಬಗ್ಗೆ ಮಾತು, ಬಣ್ಣದ ಬಗ್ಗೆ ಮಾತು, ನಿರ್ದೇಶಕರ ಮೌನದ ಬಗ್ಗೆ ಅರ್ಧ ಗಂಟೆ. ಆ ಮೌನವನ್ನು ಮುಖದ ಮೇಲೆ ಹೊತ್ತು ನಿಂತ ಹೆಂಗಸಿನ ಬಗ್ಗೆ ಯಾರಾದರೂ ಮಾತಾಡಿದರೆ, ‘ಅವರು ಏನೂ ಮಾಡುವುದಿಲ್ಲ, ಅದೇ ಅವರ ಶಕ್ತಿ’ ಎಂದು ಒಂದು ಸಾಲಿನಲ್ಲಿ ಮುಗಿಸುತ್ತಾರೆ. ನಾನೂ ಎಷ್ಟೋ ವರ್ಷ ಅದನ್ನೇ ಹೇಳುತ್ತಿದ್ದೆ. ಅದು ತಪ್ಪು ಅಂತ ನನಗೆ ತೋರಿಸಿಕೊಟ್ಟವಳು ನಮ್ಮಕ್ಕ.

ಅಕ್ಕ 22 ವರ್ಷ ಗಾರ್ಮೆಂಟ್ಸ್‌ನಲ್ಲಿ ದುಡಿದವಳು. ಕೊನೆಯ ಹತ್ತು ವರ್ಷ ಚೆಕಿಂಗ್ ಟೇಬಲ್. ಹೊಲಿದು ಬಂದ ಶರ್ಟನ್ನು ತಿರುಗಿಸಿ ನೋಡುವುದು, ದಾರ ಎದ್ದಿದ್ದರೆ ಕತ್ತರಿಸುವುದು, ಹೊಲಿಗೆ ತಪ್ಪಿದ್ದರೆ ವಾಪಸ್ ಕಳಿಸುವುದು. ಒಂದು ಭಾನುವಾರ ಅವಳನ್ನು ಬಲವಂತ ಮಾಡಿ ಒಂದು ಚಿತ್ರ ಪ್ರದರ್ಶನಕ್ಕೆ ಕರೆದುಕೊಂಡು ಹೋದೆ. ಶಾಲೆಯ ಹಾಲ್, ಪ್ಲಾಸ್ಟಿಕ್ ಕುರ್ಚಿ, ಗೋಡೆಗೆ ಬಿಳಿ ಪರದೆ. ಅವತ್ತಿನ ಸಿನಿಮಾ ಕೌರಿಸ್ಮ್ಯಾಕಿಯದ್ದು, 1990ರದ್ದು. ಹೆಸರನ್ನು ಕನ್ನಡದಲ್ಲಿ ‘ಬೆಂಕಿಪೊಟ್ಟಣ ಕಾರ್ಖಾನೆಯ ಹುಡುಗಿ’ ಅನ್ನಬಹುದು.

ಸಿನಿಮಾ ಶುರುವಾಗುವುದು ಒಂದು ಮರದ ದಿಮ್ಮಿಯಿಂದ. ಯಂತ್ರ ಅದರ ಸಿಪ್ಪೆ ಸುಲಿಯುತ್ತದೆ. ಹಾಳೆಯ ಹಾಗೆ ತೆಳ್ಳಗೆ ಬಿಚ್ಚುತ್ತದೆ. ಕಡ್ಡಿ ಕತ್ತರಿಸುತ್ತದೆ, ಪೊಟ್ಟಣ ತುಂಬುತ್ತದೆ. ನಿಮಿಷಗಟ್ಟಲೆ ಬರೀ ಯಂತ್ರ, ಅದರ ಸದ್ದು. ಆಮೇಲೆ ಆ ಸಾಲಿನ ಕೊನೆಯಲ್ಲಿ ಐರಿಸ್ ಕಾಣುತ್ತಾಳೆ, ಅದೇ ಕತಿ ಅವರ ಪಾತ್ರ. ಸಾಗಿ ಬರುವ ಪೊಟ್ಟಣಗಳನ್ನು ನೋಡುತ್ತಾ ನಿಂತಿದ್ದಾಳೆ. ಒಂದರ ಚೀಟಿ ಸರಿಯಿಲ್ಲದಿದ್ದರೆ ಸರಿ ಮಾಡಿ ಮುಂದೆ ಬಿಡುತ್ತಾಳೆ. ಅಷ್ಟೇ.

ಅಕ್ಕ ನನ್ನ ಕಡೆ ಬಾಗಿ ಪಿಸುಗುಟ್ಟಿದಳು: ‘ಇವಳು ಚೆಕಿಂಗ್‌ನವಳು ಕಣೋ.’ ಸ್ವಲ್ಪ ಹೊತ್ತು ಬಿಟ್ಟು ಮತ್ತೆ: ‘ನೋಡು, ಕೈ ಮಾತ್ರ ಆಡಿಸ್ತಾಳೆ. ಭುಜ ಆಡಿಸಲ್ಲ. ಹಂಗೆ ಮಾಡದೇ ಹೋದ್ರೆ ಸಂಜೆವರೆಗೆ ನಿಲ್ಲಕ್ಕಾಗಲ್ಲ.’

ನಾನು ಆ ಸಿನಿಮಾವನ್ನು ಅಷ್ಟು ಹೊತ್ತಿಗೆ ಮೂರು ಸಲ ನೋಡಿದ್ದೆ. ಭುಜ ನೋಡಿರಲಿಲ್ಲ.

ಕಥೆ ನಿಮ್ಮಲ್ಲಿ ಬಹಳ ಜನಕ್ಕೆ ಗೊತ್ತು. ಐರಿಸ್ ದುಡಿದು ತಂದು ತಾಯಿಗೂ ಮಲತಂದೆಗೂ ಕೊಡುತ್ತಾಳೆ. ಅಡುಗೆ ಅವಳದ್ದೇ, ಇಸ್ತ್ರಿ ಅವಳದ್ದೇ. ಅವರಿಬ್ಬರೂ ಟಿವಿ ಮುಂದೆ. ಟಿವಿಯಲ್ಲಿ 1989ರ ಚೀನಾದ ತಿಯನಾನ್ಮೆನ್ ಚೌಕದ ಸುದ್ದಿ ಓಡುತ್ತಿರುತ್ತದೆ. ಸಂಜೆ ನೃತ್ಯದ ಹಾಲ್‌ಗೆ ಹೋದರೆ ಗೋಡೆಗೆ ಒರಗಿ ಕೂತ ಹುಡುಗಿಯರನ್ನೆಲ್ಲ ಒಬ್ಬೊಬ್ಬರಾಗಿ ಯಾರೋ ಬಂದು ಕರೆದುಕೊಂಡು ಹೋಗುತ್ತಾರೆ. ಇವಳನ್ನು ಯಾರೂ ಕರೆಯುವುದಿಲ್ಲ. ಒಂದು ಸಂಬಳದ ದಿನ ಅವಳು ಆಸೆಪಟ್ಟು ಒಂದು ಉಡುಪು ಕೊಳ್ಳುತ್ತಾಳೆ. ಮನೆಯಲ್ಲಿ ಮಲತಂದೆ ಕೆನ್ನೆಗೆ ಬಾರಿಸುತ್ತಾನೆ. ತಾಯಿ, ವಾಪಸ್ ಕೊಟ್ಟು ಬಾ ಅನ್ನುತ್ತಾಳೆ.

ಆ ಏಟು ಬಿದ್ದಾಗ ಕತಿ ಏನು ಮಾಡುತ್ತಾರೆ, ಮುಂದಿನ ಸಲ ಗಮನಿಸಿ. ಅಳುವುದಿಲ್ಲ. ಕೆನ್ನೆ ಉಜ್ಜಿಕೊಳ್ಳುವುದಿಲ್ಲ. ಮುಖದಲ್ಲಿ ಆಶ್ಚರ್ಯವೂ ಇಲ್ಲ. ಇದು ಮೊದಲ ಏಟಲ್ಲ ಎಂಬುದನ್ನು ಅವರು ಹೇಳುವ ರೀತಿ ಅದು. ಇಡೀ ಬಾಲ್ಯದ ಕಥೆ ಒಂದು ಮಾತೂ ಇಲ್ಲದೆ ಬಂದು ಹೋಗುತ್ತದೆ. ಆ ಮೇಲೆ ಐರಿಸ್ ಉಡುಪನ್ನು ವಾಪಸ್ ಕೊಡುವುದಿಲ್ಲ, ತೊಟ್ಟುಕೊಂಡೇ ಹೊರಗೆ ಹೋಗುತ್ತಾಳೆ. ಅಲ್ಲಿಂದ ಅವಳಿಗೆ ಕೇಡೇ ಕಾದಿರುತ್ತದೆ. ಆದರೂ ಬಸ್ಸಿನಲ್ಲಿ ಬರುವಾಗ ಅಕ್ಕ ಹೇಳಿದ್ದು, ‘ವಾಪಸ್ ಕೊಡದೆ ಹಾಕ್ಕೊಂಡು ಹೋದ್ಲಲ್ಲ, ಒಳ್ಳೇದಾಯ್ತು’ ಅಂತ. ಸ್ವಲ್ಪ ದೂರ ಸುಮ್ನೆ ಕೂತಿದ್ದಳು. ಆಮೇಲೆ, ತನ್ನ ಮೊದಲ ಸಂಬಳದಲ್ಲಿ ತಂದ ಒಂದು ಸೀರೆಯ ವಿಷಯ ಹೇಳಿದಳು. ಅದು ನಮ್ಮ ಮನೆಯ ಮಾತು, ಇಲ್ಲಿ ಬೇಡ. 22 ವರ್ಷದಲ್ಲಿ ಅವಳು ಅದನ್ನು ನನಗೆ ಹೇಳಿರಲಿಲ್ಲ ಎಂಬುದಷ್ಟು ಸಾಕು.

ಈ ನಟಿ ಯಾರು ಎಂದು ಆ ರಾತ್ರಿ ಕೇಳಿದಳು. ಅವಳಿಗೆ ಹೇಳಿದ್ದನ್ನೇ ಸ್ವಲ್ಪ ಜಾಸ್ತಿ ಮಾಡಿ ನಿಮಗೂ ಹೇಳುತ್ತೇನೆ.

ಕತಿ ಔತಿನೆನ್ ಹುಟ್ಟಿದ್ದು ಹೆಲ್ಸಿಂಕಿಯಲ್ಲಿ, 1961ರ ಆಗಸ್ಟ್ 17ರಂದು. ಫಿನ್ಲೆಂಡಿನ ಜನ ಅವರನ್ನು ಮೊದಲು ಕಂಡದ್ದು 1980ರ ಒಂದು ಸಿನಿಮಾದಲ್ಲಿ. ತಪಿಯೋ ಸುವೊಮಿನೆನ್ ನಿರ್ದೇಶನದ, ಶಾಲೆಗೂ ಮನೆಗೂ ಒಗ್ಗದ ಹುಡುಗರ ಕಥೆ ಅದು. ಅದರಲ್ಲಿ ಅವರದ್ದು ಗಟ್ಟಿಗಿತ್ತಿ ಹುಡುಗಿ ಲಿಸ್ಸು. ಆ ಚಿತ್ರಕ್ಕೆ ಅಲ್ಲಿನ ಯುವಕರು ಮುಗಿಬಿದ್ದರು. ಆಮೇಲೆ ಅವರು ಹೆಲ್ಸಿಂಕಿಯ ರಂಗ ಶಾಲೆಯಲ್ಲಿ ಕಲಿತರು. ಆಗ ಅಲ್ಲಿ ಯೌಕೊ ತುರ್ಕ್ಕಾ ಎಂಬ ರಂಗ ನಿರ್ದೇಶಕರ ಕಾಲ. ಬೆವರು ಸುರಿಸಿ, ಕೂಗಿ, ಮೈಯೆಲ್ಲ ಬಳಸಿ ಅಭಿನಯಿಸುವ ಪದ್ಧತಿ ಅವರದ್ದು. ಆ ಗರಡಿಯಲ್ಲಿ ಕಲಿತವರು ಪರದೆಯ ಮೇಲೆ ರೆಪ್ಪೆ ಆಡಿಸಲೂ ಯೋಚಿಸುವ ನಟಿಯಾದರು. ಗಟ್ಟಿಯಾಗಿ ಅಭಿನಯಿಸಲು ಬಾರದೆ ಸುಮ್ಮನಿದ್ದವರಲ್ಲ ಅವರು, ಬೇಕೆಂದೇ ಕಡಿಮೆ ಮಾಡಿಕೊಂಡವರು.

ಕೌರಿಸ್ಮ್ಯಾಕಿ ಜೊತೆ ಮೊದಲ ದೊಡ್ಡ ಪಾತ್ರ ಬಂದದ್ದು 1986ರಲ್ಲಿ, ‘ಸ್ವರ್ಗದಲ್ಲಿ ನೆರಳುಗಳು’ ಎಂಬರ್ಥದ ಹೆಸರಿನ ಚಿತ್ರದಲ್ಲಿ. ಕಸದ ಲಾರಿ ಓಡಿಸುವವನು ಮತ್ತು ಸೂಪರ್‌ ಮಾರ್ಕೆಟ್‌ನಲ್ಲಿ ಬಿಲ್ ಹಾಕುವವಳು. ಅವನು ಮತ್ತಿ ಪೆಲ್ಲೋನ್‌ಪ್ಯಾ, ಇವಳು ಕತಿ. ಕೆಲಸದಿಂದ ತೆಗೆದಾಗ ಇವಳು ಸಿಟ್ಟಿಗೆ ಅಂಗಡಿಯ ಗಲ್ಲಾಪೆಟ್ಟಿಗೆಯನ್ನೇ ಎತ್ತಿಕೊಂಡು ಬರುತ್ತಾಳೆ. ಅದನ್ನು ಹೇಗೆ ವಾಪಸ್ ಇಡುವುದು ಎಂಬ ಪಾಡು ಅವನಿಗೆ. ಕೊನೆಗೆ ಇಬ್ಬರೂ ಹಡಗು ಹತ್ತಿ ಎಸ್ಟೋನಿಯಾದ ತಾಲಿನ್‌ಗೆ ಹೊರಡುತ್ತಾರೆ. ಮರುವರ್ಷ ಷೇಕ್ಸ್‌ಪಿಯರನ ಹ್ಯಾಮ್ಲೆಟ್ ಕಥೆಯನ್ನು ಕಂಪನಿ ಮಾಲೀಕರ ಮನೆಗೆ ತಂದ ಚಿತ್ರದಲ್ಲಿ ಒಫೀಲಿಯಾ. 1999ರಲ್ಲಿ ‘ಯುಹಾ’ದ ಮಾರ್ಯಾ, ಯುಹಾನಿ ಅಹೊ ಅವರ 1911ರ ಕಾದಂಬರಿ ಆಧರಿಸಿದ, ಮಾತಿಲ್ಲದ ಕಪ್ಪುಬಿಳುಪು ಚಿತ್ರ ಅದು.

ನನಗೆ ಜಾಸ್ತಿ ಮಾತಾಡಬೇಕಿರುವುದು 1996ರ ಚಿತ್ರದ ಬಗ್ಗೆ. ಫಿನ್ನಿಷ್ ಹೆಸರಿನ ಅರ್ಥ ‘ದೂರಕ್ಕೆ ಓಡುವ ಮೋಡಗಳು’. ನೀವು ಒಂದೇ ಒಂದು ಸಿನಿಮಾ ಹಾಕುವುದಾದರೆ ಇದನ್ನೇ ಹಾಕಿ.

1990ರಲ್ಲಿ ಫಿನ್ಲೆಂಡಿನಲ್ಲಿ ಕೆಲಸವಿಲ್ಲದವರು ನೂರಕ್ಕೆ ಮೂವರ ಆಸುಪಾಸು. ಸೋವಿಯತ್ ಒಕ್ಕೂಟ ಮುರಿದು ಬಿತ್ತು, ಅದರ ಜೊತೆಗಿದ್ದ ವ್ಯಾಪಾರ ನಿಂತಿತು, ಬ್ಯಾಂಕುಗಳು ಕುಸಿದವು. 1994ರ ಹೊತ್ತಿಗೆ ಆ ಲೆಕ್ಕ ನೂರಕ್ಕೆ ಹದಿನಾರು ದಾಟಿತು. ನಾಲ್ಕೇ ವರ್ಷದಲ್ಲಿ. ಈ ಸಿನಿಮಾ ಆ ನಾಲ್ಕು ವರ್ಷದ ಮನೆಮನೆಯ ಕಥೆ. ಚಿತ್ರದ ಮುಖ್ಯ ಪಾತ್ರ ಪೆಲ್ಲೋನ್‌ಪ್ಯಾಗೆಂದು ಯೋಚಿಸಿದ್ದು. ಅವರು 1995ರ ಜುಲೈನಲ್ಲಿ, 44ನೇ ವಯಸ್ಸಿನಲ್ಲಿ ತೀರಿಕೊಂಡರು. ಕಥೆ ತಿದ್ದಿ ಭಾರವನ್ನೆಲ್ಲ ಕತಿ ಹೆಗಲಿಗೆ ಹಾಕಿದರು. ಹತ್ತು ವರ್ಷ ಜೊತೆಗೆ ನಟಿಸಿದ ಗೆಳೆಯ ಹೋದ ಮೇಲೆ, ಅವನ ಜಾಗದಲ್ಲಿ ನಿಂತು ಮಾಡಿದ ಪಾತ್ರ ಇದು.

ಇಲೋನಾ ‘ದುಬ್ರೋವ್ನಿಕ್’ ಎಂಬ ಹಳೆಯ ರೆಸ್ಟೋರೆಂಟಿನಲ್ಲಿ ಊಟದ ಹಾಲ್ ನೋಡಿಕೊಳ್ಳುವವಳು. ಸಪ್ಲೈಯರ್‌ಗಳೆಲ್ಲ ಅವಳ ಕೈಕೆಳಗೆ. ಗಂಡ ಲೌರಿ ಟ್ರಾಮ್ ಓಡಿಸುತ್ತಾನೆ. ಶುರುವಿನಲ್ಲೇ ಒಂದು ಸಂಜೆ, ಕುಡಿದ ಅಡುಗೆಯವನು ಚಾಕು ಹಿಡಿದು ಅಡುಗೆಮನೆಯಲ್ಲಿ ಎಗರಾಡುತ್ತಾನೆ. ಬಿಡಿಸಲು ಹೋದ ಬಾಗಿಲ ಕಾವಲಿನವನಿಗೆ ಗಾಯ. ಇಲೋನಾ ಬರುತ್ತಾಳೆ. ಪರದೆಯ ಅಂಚು ದಾಟಿ, ನಮಗೆ ಕಾಣದ ಕಡೆ ನಡೆದು ಹೋಗುತ್ತಾಳೆ. ಕ್ಯಾಮರಾ ಅವಳ ಹಿಂದೆ ಹೋಗುವುದಿಲ್ಲ. ಸದ್ದು ಮಾತ್ರ ಕೇಳುತ್ತದೆ. ವಾಪಸ್ ಬರುವಾಗ ಗಲಾಟೆ ಮುಗಿದಿರುತ್ತದೆ. ಮತ್ತೆ ಕೆಲಸ. ಇಂಥ ರಾತ್ರಿ ಅವಳಿಗೆ ಹೊಸದಲ್ಲ ಎಂಬುದು ನಡಿಗೆಯಲ್ಲೇ ಗೊತ್ತಾಗುತ್ತದೆ. ಐರಿಸ್‌ನ ನಡಿಗೆ ಹೀಗಿರಲಿಲ್ಲ. ಐರಿಸ್ ಗೋಡೆ ಬದಿ ಹಿಡಿದು ನಡೆಯುವವಳು. ಇಲೋನಾ ಹಾಲ್‌ನ ನಟ್ಟ ನಡುವೆ ನಡೆಯುತ್ತಾಳೆ. ಅದೇ ನಟಿ, ಅದೇ ಮಾತಿಲ್ಲದ ಮುಖ, ಆದರೆ ಎರಡು ಬೇರೆ ಬೆನ್ನುಮೂಳೆ!

ಆಮೇಲೆ ಲೌರಿಯ ಡಿಪೋದಲ್ಲಿ ಯಾರನ್ನು ಕೆಲಸದಿಂದ ತೆಗೆಯಬೇಕು ಎಂದು ಇಸ್ಪೀಟೆಲೆ ಎತ್ತಿಸಿ ತೀರ್ಮಾನ ಮಾಡುತ್ತಾರೆ. ಅವನದ್ದು ಕೆಟ್ಟ ಎಲೆ. ಸ್ವಲ್ಪ ದಿನಕ್ಕೆ ದುಬ್ರೋವ್ನಿಕ್ ಕೂಡ ಮುಚ್ಚುತ್ತದೆ. ಇಲೋನಾಗೆ ಸಿಗುವ ಕೆಲಸ ಒಂದು ಕೊಳಕು ಗೂಡಂಗಡಿಯಂಥ ಬಾರಿನಲ್ಲಿ. ಅಲ್ಲಿ ಅವಳೊಬ್ಬಳೇ. ಗಿರಾಕಿ ಊಟ ಹೇಳಿದರೆ ಅವಳು ಒಳಗೆ ಅಡುಗೆಯವರಿದ್ದಾರೆ ಎಂಬಂತೆ ಆರ್ಡರ್ ಕೂಗುತ್ತಾಳೆ. ಕೂಗಿ ತಾನೇ ಒಳಗೆ ಹೋಗಿ ಬೇಯಿಸುತ್ತಾಳೆ. ಹಾಲ್‌ನಲ್ಲಿ ಜನ ನಗುತ್ತಾರೆ. ನಗು ಬರುವಂಥದ್ದೇ. ಆದರೆ ಇಲೋನಾ ಸುಳ್ಳು ಹೇಳುತ್ತಿಲ್ಲ. ಇದು ಹೋಟೆಲು, ಇಲ್ಲಿ ಒಂದು ಪದ್ಧತಿ ಇರಬೇಕು ಎಂದು ಅವಳು ಹಟ ಹಿಡಿದಿದ್ದಾಳೆ. ಕೆಲಸದ ಮರ್ಯಾದೆ ಉಳಿಸಿಕೊಳ್ಳುವುದು ಅಂದರೆ ಇದೇ ಅಲ್ವಾ?

ಮನೆಯ ಕಪಾಟಿನ ಮೇಲೆ ಒಂದು ಪುಟ್ಟ ಹುಡುಗನ ಫೋಟೊ ಇದೆ. ಇಲೋನಾ, ಲೌರಿ ಕಳೆದುಕೊಂಡ ಮಗು. ಅವಳು ಒಮ್ಮೆ ಅದನ್ನು ನೋಡುತ್ತಾ ನಿಲ್ಲುತ್ತಾಳೆ. ಆ ಫೋಟೊ ಪೆಲ್ಲೋನ್‌ಪ್ಯಾ ಅವರ ಬಾಲ್ಯದ್ದು. ಇದು ಗೊತ್ತಾದ ಮೇಲೆ ಆ ದೃಶ್ಯ ನೋಡಿದರೆ ಗಂಟಲು ಕಟ್ಟುತ್ತದೆ. ಗೊತ್ತಿಲ್ಲದೆ ನೋಡಿದರೂ ಕಟ್ಟುತ್ತದೆ. ಆಮೇಲೊಮ್ಮೆ ಈ ಸಿನಿಮಾ ನೋಡಿದ ಅಕ್ಕನಿಗೆ ಗೊತ್ತಿರಲಿಲ್ಲ.

ಕೊನೆಗೆ ಹಳೆಯ ಮಾಲೀಕಿಯೇ ದುಡ್ಡು ಹಾಕಿ, ಹಳೆಯ ಜನರೆಲ್ಲ ಸೇರಿ ಹೊಸ ರೆಸ್ಟೋರೆಂಟ್ ತೆರೆಯುತ್ತಾರೆ. ಹೆಸರು ‘ತ್ಯೋ’, ಅಂದರೆ ಕೆಲಸ. ಮೊದಲ ದಿನ ಬಾಗಿಲು ತೆರೆದು ಕಾಯುತ್ತಾರೆ. ಯಾರೂ ಬರುವುದಿಲ್ಲ. ನೀವು ಯಾವತ್ತಾದರೂ ಅಂಗಡಿ ತೆರೆದಿದ್ದರೆ ಆ ಮೊದಲ ಗಂಟೆಯ ಸಂಕಟ ಗೊತ್ತಿರುತ್ತದೆ. ಗಡಿಯಾರ ನೋಡುವುದು, ಬಾಗಿಲು ನೋಡುವುದು, ಮೇಜಿನ ಮೇಲೆ ಇಲ್ಲದ ಧೂಳು ಒರೆಸುವುದು. ಆಮೇಲೆ ಜನ ಬರತೊಡಗುತ್ತಾರೆ. ಫೋನ್ ಬರುತ್ತದೆ. ಒಂದು ಕುಸ್ತಿ ಸಂಘದವರಿಗೆ ರಾತ್ರಿ ಊಟಕ್ಕೆ 30 ಜನರ ಜಾಗ ಬೇಕಂತೆ. ಇಲೋನಾ ಹೊರಗೆ ಬಂದು ಗಂಡನ ಪಕ್ಕ ನಿಂತು ಮೇಲೆ ಆಕಾಶ ನೋಡುತ್ತಾಳೆ. ಅಷ್ಟೇ ಸಿನಿಮಾ. ಆ ಮುಖ ನಗುವುದಿಲ್ಲ. ಒಂದೂವರೆ ಗಂಟೆಯಿಂದ ಬಿಗಿ ಹಿಡಿದಿದ್ದ ಯಾವುದೋ ಒಂದು ಕಣ್ಣ ಸುತ್ತ ಸಡಿಲಾಗುತ್ತದೆ. ಇದಕ್ಕೆ ‘ಏನೂ ಮಾಡುವುದಿಲ್ಲ’ ಅನ್ನಬೇಡಿ, ದಯವಿಟ್ಟು.

ಚಾಕು ಹಿಡಿದ ಆ ಅಡುಗೆಯವನು ಮಾರ್ಕ್ಕು ಪೆಲ್ತೊಲ. ಆರು ವರ್ಷದ ಮೇಲೆ, 2002ರ ‘ಹಿಂದಿನ ನೆನಪಿಲ್ಲದ ಮನುಷ್ಯ’ನಲ್ಲಿ ಅವರೇ ನಾಯಕ. ಹೆಲ್ಸಿಂಕಿಗೆ ರೈಲಿನಲ್ಲಿ ಬಂದಿಳಿದವನು ಕಳ್ಳರ ಕೈಯಲ್ಲಿ ಏಟು ತಿಂದು ತಾನು ಯಾರೆಂದೇ ಮರೆಯುತ್ತಾನೆ. ಬಂದರಿನ ಪಕ್ಕ ಸರಕು ಸಾಗಿಸುವ ಕಬ್ಬಿಣದ ಕಂಟೇನರ್‌ನಲ್ಲಿ ಬಾಳು ಶುರು ಮಾಡುತ್ತಾನೆ. ಬಡವರಿಗೆ ಸೂಪು ಹಂಚುವ ಸಾಲ್ವೇಶನ್ ಆರ್ಮಿ ಎಂಬ ಕ್ರೈಸ್ತ ಸೇವಾ ಸಂಸ್ಥೆಯ ಇರ್ಮಾ ಪಾತ್ರ ಕತಿ ಅವರದ್ದು. ಸಮವಸ್ತ್ರ, ಟೋಪಿ, ಬಿಗಿಯಾದ ತುಟಿ. ದಿನದ ಕೆಲಸ ಮುಗಿಸಿ ತನ್ನ ಸಣ್ಣ ಕೋಣೆಗೆ ಬಂದು, ಹಾಸಿಗೆಯ ಮೇಲೆ ಮಲಗಿ ಒಬ್ಬಳೇ ರಾಕ್ ಸಂಗೀತ ಕೇಳುತ್ತಾಳೆ. ಸೇವೆ ಮಾಡುವ ಹೆಂಗಸಿನ ಒಳಗೊಂದು ಹುಡುಗಿ ಇದ್ದಾಳೆ ಎಂದು ಗೊತ್ತಾಗಲು ಆ ಒಂದು ದೃಶ್ಯ ಸಾಕು. ಈ ಪಾತ್ರಕ್ಕೆ ಅವರಿಗೆ 2002ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ಚಿತ್ರಕ್ಕೆ ಗ್ರ್ಯಾಂಡ್ ಪ್ರಿ, ಅಲ್ಲಿನ ಎರಡನೇ ದೊಡ್ಡ ಪ್ರಶಸ್ತಿ. ಆ ವರ್ಷದ ತೀರ್ಪುಗಾರರ ಅಧ್ಯಕ್ಷರು ಅಮೆರಿಕದ ನಿರ್ದೇಶಕ ಡೇವಿಡ್ ಲಿಂಚ್.

ಆಗ ಕತಿಗೆ 40 ವರ್ಷ. ನಮ್ಮಲ್ಲಿ ಆ ವಯಸ್ಸಿನ ನಟಿಗೆ ನಾಯಕನ ಅತ್ತಿಗೆಯ ಪಾತ್ರ, ಇಲ್ಲ ತಾಯಿಯ ಪಾತ್ರ. ಇರ್ಮಾ ಆ ವಯಸ್ಸಿನಲ್ಲಿ ಪ್ರೀತಿಸುತ್ತಾಳೆ. ನಾಚಿಕೊಳ್ಳುತ್ತಾಳೆ. ಕಂಟೇನರ್‌ನಲ್ಲಿ ಅವನು ಮಾಡಿ ಬಡಿಸಿದ ಊಟ ಉಣ್ಣುತ್ತಾಳೆ. ಮೇಕಪ್‌ನಿಂದ ವಯಸ್ಸು ಮುಚ್ಚುವ ಗೋಜಿಗೆ ಯಾರೂ ಹೋಗಿಲ್ಲ. ನಮ್ಮ ಹುಡುಗಿಯರೂ, ನಮ್ಮ ನಿರ್ಮಾಪಕರೂ ಇದನ್ನು ನೋಡಬೇಕು ಅಂತ ನನ್ನ ಆಸೆ.

2011ರ ‘ಲ ಹಾವ್ರ್’ ಫ್ರಾನ್ಸಿನ ಬಂದರು ಊರಿನಲ್ಲಿ ನಡೆಯುವುದು. ಅದರಲ್ಲಿ ಅವರು ಬೂಟು ಪಾಲಿಶ್ ಮಾಡುವವನ ಹೆಂಡತಿ ಆರ್ಲೆತಿ. ಮಾತೆಲ್ಲ ಫ್ರೆಂಚಿನಲ್ಲಿ. ಕಾಯಿಲೆ ದೊಡ್ಡದೆಂದು ವೈದ್ಯರು ಹೇಳಿದ್ದನ್ನು ಗಂಡನಿಂದ ಮುಚ್ಚಿಡುತ್ತಾಳೆ. ಆಸ್ಪತ್ರೆಯಲ್ಲಿದ್ದುಕೊಂಡು ತನ್ನ ಹಳದಿ ಉಡುಪು ತಂದುಕೊಡು ಅನ್ನುತ್ತಾಳೆ. ಐರಿಸ್‌ನ ಉಡುಪು ನೆನಪಾಯಿತು ನನಗೆ. ಒಂದು ಉಡುಪಿಗಾಗಿ ಏಟು ತಿಂದವಳು, 21 ವರ್ಷದ ಮೇಲೆ ಇನ್ನೊಂದು ಉಡುಪನ್ನು ಕೇಳಿ ತರಿಸಿಕೊಳ್ಳುತ್ತಿದ್ದಾಳೆ. ಪಾತ್ರ ಬೇರೆ, ಕಥೆ ಬೇರೆ, ನಿಜ. ಆದರೆ ಚಿತ್ರಗಳನ್ನು ನಟಿಯ ಹೆಸರಿನಲ್ಲಿ ಸಾಲಾಗಿ ಜೋಡಿಸಿದರೆ ಹೀಗೆ ಒಂದು ಜೀವ ಬೆಳೆದದ್ದು ಕಾಣುತ್ತದೆ.

ಕೌರಿಸ್ಮ್ಯಾಕಿ ಚಿತ್ರಗಳನ್ನಷ್ಟೇ ಹಾಕಬೇಡಿ ಎಂದೂ ಕೇಳಿಕೊಳ್ಳುತ್ತೇನೆ. ತಾರು ಮ್ಯಾಕೆಲ್ಯಾ ಎಂಬ ನಿರ್ದೇಶಕಿಯ 2013ರ ಚಿತ್ರವೊಂದಿದೆ. 1962ರಲ್ಲಿ ಹೆಲ್ಸಿಂಕಿಯಲ್ಲಿ ವಿಶ್ವ ಯುವಜನೋತ್ಸವ ನಡೆದ ದಿನಗಳ ಕಥೆ. ಟೋಪಿ ಮಾಡಿ ಮಾರುವ ಎಲ್ಸಾ ಎಂಬ ಮಧ್ಯವಯಸ್ಸಿನವಳ ಎದುರಿಗೆ ಹಳೆಯ ಪ್ರೇಮಿ, ಚೆಕ್ ಸಂಗೀತಗಾರ, ವರ್ಷಾನುಗಟ್ಟಲೆ ಆದ ಮೇಲೆ ಬಂದು ನಿಲ್ಲುತ್ತಾನೆ. ಎಲ್ಸಾ ಕತಿ ಅವರೇ. ಇನ್ನೊಂದು ವಿಷಯ. 2002ರಿಂದ ಹತ್ತು ವರ್ಷಕ್ಕೂ ಮಿಕ್ಕಿ ಅವರು ತಾವು ಕಲಿತ ಅದೇ ರಂಗ ಶಾಲೆಯಲ್ಲಿ ಅಭಿನಯದ ಪ್ರಾಧ್ಯಾಪಕಿಯಾಗಿದ್ದರು. ಕಾನ್ ಪ್ರಶಸ್ತಿ ಬಂದ ವರ್ಷವೇ ಪಾಠ ಮಾಡಲು ಹೋದವರು. ‘ಏನೂ ಮಾಡದ’ ನಟಿಯನ್ನು ಯಾರೂ ಅಷ್ಟು ವರ್ಷ ಅಭಿನಯ ಕಲಿಸಲು ಇಟ್ಟುಕೊಳ್ಳುವುದಿಲ್ಲ.

2023ರಲ್ಲಿ ಕೌರಿಸ್ಮ್ಯಾಕಿಯ ‘ಉದುರಿದ ಎಲೆಗಳು’ ಬಂತು. ಅದಕ್ಕೂ ಕಾನ್‌ನಲ್ಲಿ ಜ್ಯೂರಿ ಪ್ರಶಸ್ತಿ. ಆಲ್ಮಾ ಪೊಯ್‌ಸ್ತಿ ಮತ್ತೆ ಸೂಪರ್‌ ಮಾರ್ಕೆಟ್‌ನ ಕೆಲಸದವಳು, ಮತ್ತೆ ಕೆಲಸ ಕಳೆದುಕೊಳ್ಳುತ್ತಾಳೆ. ಚೆನ್ನಾಗಿ ಮಾಡಿದ್ದಾರೆ. ಅದನ್ನು ನೋಡಿ ಮೆಚ್ಚಿದ ಎಳೆಯರಿಗೆ, ಈ ದಾರಿಯನ್ನು 1986ರಲ್ಲೇ ನಡೆದು ಸವೆಸಿದವರು ಯಾರು ಎಂದು ತೋರಿಸುವುದು ನಮ್ಮ ಕೆಲಸ ಅಲ್ವಾ?

ಈಗ ಬೇಡಿಕೆಗೆ ಬರುತ್ತೇನೆ. ಈ ಚಿತ್ರಗಳನ್ನು ಭಾನುವಾರ ಹಾಕಿ. ಗಾರ್ಮೆಂಟ್ಸ್‌ನವರಿಗೆ, ಅಂಗಡಿ ಕೌಂಟರಿನಲ್ಲಿ ದಿನವಿಡೀ ನಿಲ್ಲುವವರಿಗೆ ಬೇರೆ ದಿನ ಬಿಡುವಿಲ್ಲ. ಅಂಗಡಿಯವರಲ್ಲಿ ಎಷ್ಟೋ ಜನಕ್ಕೆ ಭಾನುವಾರವೂ ಇಲ್ಲ. ಸಾಧ್ಯವಾದರೆ ಕನ್ನಡದಲ್ಲಿ ಅಡಿಬರಹ ಹಾಕಿ. ದೊಡ್ಡ ಕೆಲಸವೇನಲ್ಲ. ‘ಬೆಂಕಿಪೊಟ್ಟಣ ಕಾರ್ಖಾನೆಯ ಹುಡುಗಿ’ ಒಂದೂಕಾಲು ಗಂಟೆಯೂ ಇಲ್ಲ, ಅದರಲ್ಲಿ ಯಾರಾದರೂ ಬಾಯಿ ಬಿಡುವುದಕ್ಕೇ ಹತ್ತು ನಿಮಿಷ ಮೀರುತ್ತದೆ. ಇಡೀ ಚಿತ್ರದ ಮಾತನ್ನು ಒಂದು ಸಂಜೆ ಕೂತು ಕನ್ನಡ ಮಾಡಬಹುದು. ಇಂಗ್ಲಿಷ್ ಓಡಿಸಿಕೊಂಡು ಓದಲು ಆಗದ ಹೆಂಗಸರು ಅವತ್ತು ಮುಂದಿನ ಸಾಲಿನಲ್ಲಿ ಕೂತು ನೋಡಲಿ. ಅಡಿಬರಹದ ಕೆಲಸಕ್ಕೆ ನಾನು ಕೈ ಜೋಡಿಸುತ್ತೇನೆ. ಹಣ ಬೇಡ.

ಚಿತ್ರ ಮುಗಿದ ಮೇಲಿನ ಚರ್ಚೆಗೆ ವೇದಿಕೆಯ ಮೇಲೆ ವಿಮರ್ಶಕರ ಪಕ್ಕ ಒಂದು ಕುರ್ಚಿ ಜಾಸ್ತಿ ಹಾಕಿ. ಯಂತ್ರದ ಮುಂದೆ ನಿಂತು ದುಡಿದ ಯಾರಾದರೂ ಒಬ್ಬರನ್ನು ಕರೆದು ಕೂರಿಸಿ. ಭುಜ ಆಡಿಸದೆ ಕೈ ಮಾತ್ರ ಆಡಿಸುವುದು ಯಾಕೆ ಎಂದು ಅವರನ್ನು ಕೇಳಿ.

ನಮ್ಮಕ್ಕ ಬರುತ್ತೇನೆ ಅಂದಿದ್ದಾಳೆ. ಇಲೋನಾಳ ಹೋಟೆಲು ಇನ್ನೊಂದು ಸಲ ನೋಡಬೇಕಂತೆ. ಕೊನೆಯ ಪ್ರದರ್ಶನ ಎಂಟು ಗಂಟೆಗೆ ಮುಗಿಯುವ ಹಾಗೆ ಇಟ್ಟರೆ ಒಳ್ಳೆಯದು. ನಮ್ಮ ಕಡೆ ಹೋಗುವ ಬಸ್ಸು ಅದರ ಮೇಲೆ ಕಷ್ಟ.

ನಿಮ್ಮ ಉತ್ತರಕ್ಕೆ ಕಾಯುತ್ತಿರುವ,
ನಿಮ್ಮ ಹಳೆಯ ಪ್ರೇಕ್ಷಕ